ಮಿಲೋಶ್ ಹೆಸರಿನ ಮೂರು ಸಿನಿಮಾಗಳು

ಓಟಕರ್ ಪ್ರಾಗ್‌ನಲ್ಲಿ ಚಿತ್ರಕಥೆ ಬರೆಯುತ್ತಿದ್ದವರು. ೧೯೯೧ರಲ್ಲಿ ಹೆಂಡತಿ ತೀರಿಕೊಂಡ ಮೇಲೆ ಅಮೆರಿಕದ ರಾಕ್‌ವಿಲ್‌ನಲ್ಲಿದ್ದ ಮಗಳು ಇವಾನಾಳ ಮನೆಗೆ ಬಂದರು. ಪಕ್ಕದ ಮನೆ ಡಾಕ್ಟರ್ ತ್ಯಾಗರಾಜರದು. ಅವರು ಮೈಸೂರು ಬಿಟ್ಟು ಇಪ್ಪತ್ತು ವರ್ಷದ ಮೇಲಾಗಿತ್ತು. ಇಬ್ಬರೂ ದಿನಾ ಸಂಜೆ ವಾಕಿಂಗ್ ಹೋಗುತ್ತಿದ್ದರು. ಓಟಕರ್ ಇಂಗ್ಲಿಷ್‌ನಲ್ಲಿ ಒಂದೊಂದೇ ಪದ ಹುಡುಕಿ ಮಾತಾಡುತ್ತಿದ್ದರು, ತ್ಯಾಗರಾಜರು ಕಾಯುತ್ತಿದ್ದರು.

ಅಪ್ಪ ಬರೆದದ್ದು ಒಂದೇ ಸಿನಿಮಾ ಎಂದು ಇವಾನಾ ಹೇಳಿದ್ದಳು. ೧೯೬೮ರಲ್ಲಿ ರಷ್ಯದ ಟ್ಯಾಂಕುಗಳು ಪ್ರಾಗ್‌ಗೆ ನುಗ್ಗಿದ ಮರುವರ್ಷ ಸರ್ಕಾರ ಅದನ್ನು ತಡೆಹಿಡಿಯಿತು, ಅವರನ್ನು ಸ್ಟುಡಿಯೋದಿಂದ ಹೊರಹಾಕಿತು. ಆಮೇಲೆ ಇಪ್ಪತ್ತು ವರ್ಷ ಆಸ್ಪತ್ರೆಯೊಂದರ ಬಾಯ್ಲರ್‌ಗೆ ಕಲ್ಲಿದ್ದಲು ಹಾಕಿದರು. ಮತ್ತೆ ಪೆನ್ನು ಹಿಡಿಯಲಿಲ್ಲವಂತೆ. ಹೆದರುಪುಕ್ಕಲ ಎಂದು ಅಮ್ಮ ಸಾಯುವವರೆಗೂ ಹಂಗಿಸುತ್ತಿದ್ದಳಂತೆ.

೧೯೯೪ರಲ್ಲಿ ಆ ಸಿನಿಮಾವನ್ನು ವಾಷಿಂಗ್ಟನ್‌ನಲ್ಲಿ ತೋರಿಸಿದರು. ಇವಾನಾಳಿಗೆ ಕೆಲಸವಿತ್ತು, ತ್ಯಾಗರಾಜರೇ ಕರೆದುಕೊಂಡು ಹೋದರು. ಬರೆಯುವುದನ್ನು ಯಾಕೆ ನಿಲ್ಲಿಸಿದಿರಿ ಎಂದು ವಿದ್ಯಾರ್ಥಿನಿಯೊಬ್ಬಳು ಕೇಳಿದಾಗ ಓಟಕರ್, ಸುಸ್ತಾಗಿತ್ತು ಎಂದಷ್ಟೇ ಹೇಳಿದರು.

ವಾಪಸು ಬರುವಾಗ ಟ್ರಾಫಿಕ್‌ನಲ್ಲಿ ಕಾರು ನಿಂತಿತ್ತು. ಓಟಕರ್ ಇದ್ದಕ್ಕಿದ್ದಂತೆ ಬಾಯಿಬಿಟ್ಟರು. ಬಾಯ್ಲರ್ ಪಕ್ಕ ಕೂತು ಇನ್ನೂ ಮೂರು ಸಿನಿಮಾ ಬರೆದಿದ್ದರು. ಅವನ್ನು ತಾನೇ ಬರೆದದ್ದೆಂದು ಸಹಿ ಹಾಕಿದ್ದು ಗೆಳೆಯ ಮಿಲೋಶ್. ಸಿಕ್ಕಿಬಿದ್ದಿದ್ದರೆ ಅವನೂ ಜೈಲಿಗೆ ಹೋಗುತ್ತಿದ್ದ. ಈಗ ಅವನಿಲ್ಲ, ಅವನ ಹೆಂಡತಿ ಆ ಮೂರು ಸಿನಿಮಾಗಳ ಗೌರವದಲ್ಲೇ ಬದುಕಿದ್ದಾಳೆ.

“ಇವಾನಾಗೂ ಹೇಳಿಲ್ವಾ?” ಎಂದರು ತ್ಯಾಗರಾಜರು.

“ಚಿಕ್ಕವಳಿದ್ದಾಗ ಹೇಳಿದ್ರೆ ಸ್ಕೂಲಲ್ಲಿ ಹೇಳಿಬಿಡ್ತಿದ್ಲು. ದೊಡ್ಡವಳಾದ ಮೇಲೆ ಹೇಗೆ ಶುರು ಮಾಡೋದು ಅಂತ ಗೊತ್ತಾಗ್ಲಿಲ್ಲ.”

ಹೆಂಡತಿಗೆ? ಎಂದು ಕೇಳಿದ್ದಕ್ಕೆ ಅವರು ಕಿಟಕಿಯ ಕಡೆ ತಿರುಗಿದರು.

ತ್ಯಾಗರಾಜರು ಇದನ್ನು ಹೆಂಡತಿ ಜಯಾಗೆ ಮಾತ್ರ ಹೇಳಿದರು.

“ಆ ಹುಡುಗಿಗೆ ಹೇಳಿಬಿಡ್ರೀ,” ಎಂದರು ಜಯಾ. “ಅಪ್ಪನ್ನ ಕೈಲಾಗದೋರು ಅಂದ್ಕೊಂಡೇ ಇದಾಳೆ.”

ಅವರೇ ಹೇಳಲಿ ಎಂದು ತ್ಯಾಗರಾಜರು ಸುಮ್ಮನಾದರು. ಮುಂದಿನ ಜನವರಿಯಲ್ಲಿ ಓಟಕರ್‌ಗೆ ಸ್ಟ್ರೋಕ್ ಆಯಿತು. ಮಾತು ನಿಂತುಹೋಯಿತು. ಐದನೆಯ ದಿನ ಹೋಗಿಬಿಟ್ಟರು.

ಮಣ್ಣು ಮಾಡಿದ ಮಾರನೆಯ ದಿನ ಇವಾನಾಳನ್ನು ಮನೆಗೆ ಕರೆದು, ಕಾಫಿ ಕೊಟ್ಟು, ತ್ಯಾಗರಾಜರು ಎಲ್ಲವನ್ನೂ ಹೇಳಿದರು. ಅವಳು ಮೊದಲು ನಂಬಲಿಲ್ಲ. ಸಿನಿಮಾಗಳ ಹೆಸರೇನು ಎಂದಳು. ಓಟಕರ್ ಕಾರಿನಲ್ಲಿ ಹೇಳಿದ್ದ ಹೆಸರುಗಳನ್ನು ತ್ಯಾಗರಾಜರು ಹೇಳಿದರು. ಎರಡನೆಯ ಹೆಸರಿಗೆ ಅವಳು ಕಾಫಿ ಲೋಟ ಕೆಳಗಿಟ್ಟಳು.

ಅದರಲ್ಲಿ ಒಬ್ಬ ಪುಟ್ಟ ಹುಡುಗಿ, ನಿನ್ನ ಕೈ ಯಾಕೆ ತೊಳೆದರೂ ಕಪ್ಪು ಎಂದು ಅಪ್ಪನನ್ನು ಕೇಳುತ್ತಾಳೆ. ಏಳು ವರ್ಷದವಳಿದ್ದಾಗ ಇವಾನಾ ಕೇಳಿದ್ದ ಮಾತು ಅದು. ತಾನು ಕೇಳಿದ್ದೇ ಅವಳಿಗೆ ಮರೆತುಹೋಗಿತ್ತು.

“ಹದಿನಾರು ವರ್ಷದಲ್ಲಿ ಅದನ್ನ ಅಪ್ಪನ ಜೊತೆನೇ ನೋಡಿದೆ, ಡಾಕ್ಟರ್,” ಎಂದಳು. “ಮಿಲೋಶ್ ಅಂಕಲ್‌ನ ನೋಡಿ ಬರೆಯೋದು ಕಲಿ ಅಂತ ಅಪ್ಪನಿಗೇ ಹೇಳಿದ್ದೆ.”

ಅದಕ್ಕೆ ಅವರು ಏನೆಂದರು ಎಂದು ಜಯಾ ಮೆಲ್ಲಗೆ ಕೇಳಿದರು.

“ಹೌದು, ಅವನು ಚೆನ್ನಾಗಿ ಬರೀತಾನೆ ಅಂದ್ರು.”

ಜಯಾ ಎದ್ದು ಹೋಗಿ ಅವಳ ಪಕ್ಕ ಕೂತರು.