ಒಪ್ಪಿಗೆ ಪತ್ರ

“ಉಚ್ಚೆ ಪಾತ್ರೆ ತೊಳೆಯೋಳಿಗೆ ಸಹಾಯಕಿ ಸಂಬಳ ಬೇಕಂತೆ. ಹನ್ನೊಂದು ವರ್ಷ ಬಾಯಿ ಮುಚ್ಕೊಂಡು ಇಸ್ಕೊಂಡ್ಯಲ್ಲ, ಆಗ ಕಣ್ಣಿಗೆ ಏನು ಮೆತ್ತಿತ್ತು?”

ಕಿಟಕಿಯ ಸರಳುಗಳ ಹಿಂದಿನಿಂದ ಗುಮಾಸ್ತ ಹೀಗಂದದ್ದು ಸಾಲಿನಲ್ಲಿದ್ದ ಅಷ್ಟೂ ಜನಕ್ಕೆ ಕೇಳಿಸಿತು. ಎಲ್ಲರೂ ಅದೇ ಆಸ್ಪತ್ರೆಯಲ್ಲಿ ದುಡಿದು ನಿವೃತ್ತರಾದವರು. ಬೈಸಿಕೊಂಡ ಆಯಾ ಏಳನೇ ವಾರ್ಡಿನಲ್ಲಿ ಮೂವತ್ತೊಂದು ವರ್ಷ ಸವೆಸಿದವಳು. ಆ ತಿಂಗಳು ಪಿಂಚಣಿ ಅರ್ಧಕ್ಕರ್ಧ ಬಂದಿತ್ತು. ಯಾಕೆ ಎಂದು ಕೇಳಿದ್ದಷ್ಟೇ ಅವಳ ತಪ್ಪು.

ನಿವೃತ್ತಿಗೆ ಹನ್ನೊಂದು ವರ್ಷ ಮೊದಲು ಯಾರೋ ಅವಳ ಹೆಸರನ್ನು ಕಸಗುಡಿಸುವವರ ಪಟ್ಟಿಯಿಂದ ವಾರ್ಡ್ ಸಹಾಯಕಿಯರ ಪಟ್ಟಿಗೆ ಏರಿಸಿದ್ದರಂತೆ. ಅದು ತಪ್ಪಂತೆ. ನಿವೃತ್ತಿಯಾಗಿ ಎರಡು ವರ್ಷವಾದ ಮೇಲೆ ತಪಾಸಣೆಯವರ ಕಣ್ಣಿಗೆ ಬಿತ್ತಂತೆ. ಹೆಚ್ಚಿಗೆ ಹೋದದ್ದನ್ನೆಲ್ಲ ಈಗ ಪಿಂಚಣಿಯಲ್ಲಿ ಮುರಿದುಕೊಳ್ಳುತ್ತಾರಂತೆ.

ಆಯಾಗೆ ಆ ವರ್ಷ ಚೆನ್ನಾಗಿ ನೆನಪಿತ್ತು. ನರ್ಸುಗಳು ಸಾಲದೆ ಬಂದಾಗ, ನೆಲ ಒರೆಸುತ್ತಿದ್ದವಳನ್ನು ಕೂಗಿ ಕೈ ತೊಳೆದುಕೊಂಡು ಬಾ ಅಂದಿದ್ದರು. ಅಂದಿನಿಂದ ಎನಿಮಾ ಕೊಟ್ಟಿದ್ದು ಅವಳು, ಬೆನ್ನ ಹುಣ್ಣಿಗೆ ಬಟ್ಟೆ ಕಟ್ಟಿದ್ದು ಅವಳು, ಸತ್ತವರ ಕಣ್ಣು ಮುಚ್ಚಿದ್ದೂ ಅವಳೇ. ಹಾಗಂತ ನೆಲ ಒರೆಸುವುದೇನೂ ತಪ್ಪಿರಲಿಲ್ಲ.

“ಆ ಕೆಲ್ಸ ಎಲ್ಲಾ ನಾನು ಮಾಡಿದೀನಿ ಸಾರ್.”

“ಮಾಡು ಅಂತ ಆರ್ಡರ್ ಇದ್ಯಾ?”

ಆರ್ಡರ್ ಇರಲಿಲ್ಲ. ಅವಳ ಹಿಂದೆ ನಿಂತಿದ್ದವನು ಆಸ್ಪತ್ರೆಯ ಬಟ್ಟೆ ಬೇಯಿಸುತ್ತಿದ್ದ ಬಾಯ್ಲರ್ ತಾತ. ಅವನಿಗೂ ಮುರಿದಿದ್ದರು. ಒಳಗೆ ಕರೆಸಿ ಯಾವುದೋ ಕಾಗದಕ್ಕೆ ರುಜುವನ್ನೂ ಹಾಕಿಸಿಕೊಂಡಿದ್ದರು. ಅವನು ಪಿಂಚಣಿಯ ಚೀಟಿ ಇಸಿದುಕೊಂಡು ಹೋದ.

ಗಲಾಟೆ ಕೇಳಿ ಸೂಪರಿಂಟೆಂಡೆಂಟ್ ಅವಳನ್ನು ಒಳಗೆ ಕರೆಸಿದ. ಕೂರು ಅನ್ನಲಿಲ್ಲ, ಮಾತು ಮಾತ್ರ ಬೆಣ್ಣೆಯಂತಿತ್ತು. ಅವನ ತಾಯಿ ಹಾಸಿಗೆ ಹಿಡಿದು ಐದು ತಿಂಗಳಾಗಿತ್ತು. ನೋಡಿಕೊಳ್ಳಲು ಇಟ್ಟವರು ಯಾರೂ ವಾರದ ಮೇಲೆ ನಿಂತಿರಲಿಲ್ಲ. ನಿನ್ನ ಕೈಗುಣ ಒಳ್ಳೆಯದಂತೆ, ದಿನಾ ಬಂದು ಹೋಗು, ಫೈಲು ಹೇಗೂ ನನ್ನ ಕೈಲಿದೆ ಅಂದ. ಕೂಲಿಯ ಮಾತೆತ್ತಲಿಲ್ಲ. ಮುರಿಯುವುದನ್ನು ನಿಲ್ಲಿಸಿ ಅಂತ ಅರ್ಜಿ, ರುಜು ಹಾಕು ಎಂದು ಒಂದು ಕಾಗದ ಮುಂದೆ ತಳ್ಳಿದ. ಆಯಾಗೆ ಬರೆಯಲು ಬರುತ್ತಿದ್ದುದು ತನ್ನ ಹೆಸರೊಂದೇ. ಕಾಲು ಮುರಿದು ವಾರ್ಡಿನಲ್ಲಿ ಮಲಗಿದ್ದ ಮೇಷ್ಟ್ರೊಬ್ಬರು ಕಲಿಸಿದ್ದು. ಒತ್ತಿ ಒತ್ತಿ ಬರೆದಳು.

ಮನೆಯಲ್ಲಿ ಮಗಳು ಇಸ್ತ್ರಿಪೆಟ್ಟಿಗೆಯನ್ನು ಪಕ್ಕಕ್ಕಿಟ್ಟು ಕೇಳಿದಳು. “ಏನು ಬರ್ದಿತ್ತಮ್ಮ ಅದ್ರಲ್ಲಿ?”

“ಅರ್ಜಿ ಕಣೇ.”

“ಓದಿಸ್ಕೊಂಡ್ಯಾ?”

ಆಯಾ ಕೊಡ ಎತ್ತಿಕೊಂಡು ನೀರಿಗೆ ಹೊರಟಳು. ಆ ತಿಂಗಳ ಬಾಡಿಗೆಗೆ ಮಗಳ ಕಿವಿಯ ಓಲೆ ಹೋಯಿತು.

ಸೂಪರಿಂಟೆಂಡೆಂಟನ ಹೆಂಡತಿ ಮೊದಲ ದಿನವೇ ಕಟ್ಟುನಿಟ್ಟು ಮಾಡಿದಳು. ಅತ್ತೆಯ ಪಾತ್ರೆಯನ್ನು ಮನೆಯ ಕಕ್ಕಸಿನಲ್ಲೇ ಸುರಿದು ತೊಳೆಯಬೇಕು. ಆದರೆ ಆಯಾ ಅದನ್ನು ಬಳಸಕೂಡದು, ಬಸ್ ನಿಲ್ದಾಣದಲ್ಲಿ ಒಂದಿದೆ, ಅಲ್ಲಿಗೆ ಹೋಗಬೇಕು. ಮೊಣಕಾಲು ಹಿಡಿದ ಹೆಂಗಸಿಗೆ ಹೋಗಿ ಬರಲು ಅರ್ಧ ಗಂಟೆ. ಎರಡು ದಿನ ಹೋದಳು. ಮೂರನೇ ದಿನದಿಂದ ಬೆಳಗ್ಗೆ ನೀರು ಕುಡಿಯುವುದನ್ನೇ ಬಿಟ್ಟಳು.

ಮುದುಕಿಗೆ ಮಾತು ನಿಂತುಹೋಗಿತ್ತು. ಬೆನ್ನ ಮೇಲೆ ಅಂಗೈಯಗಲ ಹುಣ್ಣು. ಆಯಾ ದಿನಾ ತೊಳೆದಳು, ಎರಡು ಗಂಟೆಗೊಮ್ಮೆ ಮಗ್ಗುಲು ಹೊರಳಿಸಿದಳು, ತಲೆ ಬಾಚಿದಳು. ಮೂರನೇ ವಾರಕ್ಕೆ ಹುಣ್ಣಿನ ಅಂಚಿನಲ್ಲಿ ಹೊಸ ಚರ್ಮ ಕೆಂಪಗೆ ಕಂಡಿತು. ಹೊರಟು ನಿಂತರೆ ಮುದುಕಿ ಅವಳ ಹೆಬ್ಬೆರಳನ್ನು ಬಿಡುತ್ತಿರಲಿಲ್ಲ.

ಒಮ್ಮೆ ಸೊಸೆ ಮೂಗಿಗೆ ಬಟ್ಟೆ ಹಿಡಿದು ಬಾಗಿಲಲ್ಲೇ ನಿಂತು, ನಿಮಗೆಲ್ಲ ಇದು ಅಭ್ಯಾಸ ಬಿಡು ಅಂದಳು.

“ಅಭ್ಯಾಸ ಯಾರಿಗೂ ಆಗಲ್ಲಮ್ಮ,” ಅಂದಳು ಆಯಾ. “ಮಾಡ್ತೀವಿ, ಅಷ್ಟೆ.”

ಮತ್ತೆ ಪಿಂಚಣಿಯ ದಿನ ಬಂತು. ಆಯಾ ಬೆಳಗ್ಗೆ ಮುದುಕಿಯನ್ನು ತೊಳೆದು, ಒಣ ಬಟ್ಟೆ ಹಾಕಿ, ಅಲ್ಲಿಂದ ನೇರವಾಗಿ ಸಾಲಿಗೆ ಬಂದು ನಿಂತಳು. ಕೈಗೆ ಬಂದ ಚೀಟಿಯಲ್ಲಿ ಅರ್ಧವೂ ಇರಲಿಲ್ಲ, ಕಾಲು ಭಾಗ ಇತ್ತು.

“ಒಪ್ಪಿಗೆ ಇಲ್ದೆ ಅರ್ಧಕ್ಕಿಂತ ಜಾಸ್ತಿ ಮುರಿಯೋ ಹಾಗಿಲ್ಲ,” ಅಂದ ಗುಮಾಸ್ತ. “ಈಗ ನೀನೇ ಒಪ್ಕೊಂಡಿದೀಯಲ್ಲ.”

ಫೈಲಿನಿಂದ ಕಾಗದ ಎಳೆದು, ಸಾಲಿಗೆಲ್ಲ ಕೇಳುವಂತೆ ಓದಿದ. ತಿಳಿದೂ ತಿಳಿದೂ ಹೆಚ್ಚಿನ ಸಂಬಳ ಪಡೆದಿದ್ದೇನೆ, ಪೂರ್ತಿ ತೀರುವವರೆಗೆ ಪಿಂಚಣಿಯ ಮುಕ್ಕಾಲು ಪಾಲು ಮುರಿದುಕೊಳ್ಳಲು ಸ್ವಇಚ್ಛೆಯಿಂದ ಒಪ್ಪಿದ್ದೇನೆ ಎಂದಿತ್ತು ಅದರಲ್ಲಿ.

ಆಯಾ ಸರಳಿನೊಳಗೆ ಕೈ ಚಾಚಿದಳು.

“ಕೊಡಿ ಸಾರ್. ರುಜು ನಂದೇನಾ ನೋಡ್ತೀನಿ.”

ಅವನು ಕೊಟ್ಟ. ರುಜು ಅವಳದೇ. ಅವಳಿಗೆ ಓದಲು ಬರುತ್ತಿದ್ದುದು ಆ ಹಾಳೆಯಲ್ಲಿ ಅದೊಂದೇ ಪದ. ಕಾಗದವನ್ನು ನಾಲ್ಕಾಗಿ ಮಡಚಿದಳು, ಬಾಯಿಗಿಟ್ಟುಕೊಂಡಳು, ಅಗಿಯತೊಡಗಿದಳು.

“ಉಗಿಯೇ ಮುಂಡೆ, ಆಫೀಸ್ ರೆಕಾರ್ಡು ಅದು!” ಗುಮಾಸ್ತ ಎದ್ದು ನಿಂತ. ಕೂಗು ಕೇಳಿ ಸೂಪರಿಂಟೆಂಡೆಂಟ್ ಹೊರಗೆ ಬಂದ. ಆಯಾ ಅಗಿಯುತ್ತಲೇ ಇದ್ದಳು. ಬೆಳಗಿನಿಂದ ನೀರು ಕಾಣದ ಗಂಟಲು, ಕಾಗದ ಇಳಿಯಲೊಲ್ಲದು. ಕಣ್ಣಲ್ಲಿ ನೀರು ಬಂತು, ಕತ್ತಿನ ನರ ಉಬ್ಬಿತು. ಎರಡು ಸಲ ಉಬ್ಬಳಿಸಿ, ಮೂರನೇ ಸಲಕ್ಕೆ ನುಂಗಿದಳು.

ಪೊಲೀಸರಿಗೆ ಫೋನ್ ಮಾಡು ಅಂದ ಸೂಪರಿಂಟೆಂಡೆಂಟ್.

ಆಯಾ ಸೆರಗಿನಿಂದ ಬಾಯಿ ಒರೆಸಿಕೊಂಡು ಅವನ ಕಡೆ ತಿರುಗಿದಳು. “ನಿಮ್ಮ ತಾಯೀನ ಎಡಕ್ಕೆ ಹೊರಳಿಸಿ ಬಂದಿದೀನಿ. ಹತ್ತು ಗಂಟೆಗೆ ಬಲಕ್ಕೆ ಹೊರಳಿಸ್ಬೇಕು. ಬೆನ್ನಿಗೆ ಕೈ ತಾಗದಂಗೆ ನೋಡ್ಕೊಳ್ಳಿ, ಚರ್ಮ ಎಳೇದು. ನಾನು ಬರಲ್ಲ.”

ಅವನು ಗೋಡೆಯ ಗಡಿಯಾರ ನೋಡಿದ. ಹತ್ತು ದಾಟಿತ್ತು.

ಗುಮಾಸ್ತ ಕಿಟಕಿಯ ಬಾಗಿಲು ಎಳೆಯಲು ಹೋದ. ಬಾಗಿಲು ಮುಚ್ಚಲಿಲ್ಲ. ಬಾಯ್ಲರ್ ತಾತ ಚೌಕಟ್ಟಿನ ಮೇಲೆ ಅಂಗೈ ಊರಿದ್ದ. ಸುಟ್ಟು ಸುಟ್ಟು ಸುಕ್ಕುಗಟ್ಟಿದ ಕೈ.

“ನನ್ನ ಕಾಗದಾನೂ ಒಂದ್ಸಲ ಕೊಡಿ ಸಾರ್,” ಅಂದ.