ಮರೆತೇ ಹೋಗುವ ಮಾತು

ಪರದೆ ಅಲುಗಿದಾಗೆಲ್ಲ ನುಸಿಗುಳಿಗೆಯ ವಾಸನೆ. ಚಿಕ್ಕವಳಿದ್ದಾಗ ಅಜ್ಜಿಯ ಟ್ರಂಕಿನ ಮುಚ್ಚಳ ಎತ್ತಿದರೆ ಬರುತ್ತಿದ್ದ ವಾಸನೆ ಅದು. ಬೇರೆ ದಿನವಾಗಿದ್ದರೆ ಹಿತವೆನಿಸುತ್ತಿತ್ತು. ಇವತ್ತು ರಂಗದ ಪಕ್ಕದ ಸೈಡ್‌ವಿಂಗಿನ ಕತ್ತಲಲ್ಲಿ ನಾಟಕದ ಪ್ರತಿ ಹಿಡಿದು ಕೂತವಳಿಗೆ ಅದರ ಕಡೆ ಗಮನವಿರಲಿಲ್ಲ. ಮುಂದಿನ ಪುಟದಲ್ಲಿ ಆ ಮಾತಿತ್ತು.

ನಟರು ಮಾತು ಮರೆತರೆ ಹೇಳಿಕೊಡುವುದು ಅವಳ ಕೆಲಸ. ನಾಟಕ ನಗೆಯದು: ಮದುವೆ ನೋಂದಾಯಿಸಿದ ಅಧಿಕಾರಿ ಸಹಿಯನ್ನೇ ಹಾಕಿರಲಿಲ್ಲವೆಂದು ಮೂರು ಮುದಿ ಜೋಡಿಗಳಿಗೆ ಮೂವತ್ತು ವರ್ಷದ ಮೇಲೆ ಗೊತ್ತಾಗುತ್ತದೆ. ಅದರಲ್ಲೊಬ್ಬ ಗಂಡನ ಪಾತ್ರ ಅವಳ ಗಂಡನದೇ, ನಿವೃತ್ತ ಪೋಸ್ಟ್ ಮಾಸ್ತರರದು. ಉಳಿದ ಮಾತೆಲ್ಲ ಅವರಿಗೆ ನೀರು ಕುಡಿದಷ್ಟು ಸಲೀಸು. ಹೆಂಡತಿಯ ಪಾತ್ರ ಮಾಡುತ್ತಿದ್ದ ಔಷಧಿ ಅಂಗಡಿಯಾಕೆ, "ಮತ್ತೆ ನನ್ನನ್ನೇ ಮದುವೆ ಆಗ್ತೀರಾ?" ಎಂದು ಕೇಳಿದಾಗ ಮಾತ್ರ ಹನ್ನೊಂದು ತಾಲೀಮಿನಲ್ಲೂ ಬಾಯಿ ಕಟ್ಟಿತ್ತು. ಪ್ರತಿ ಸಲವೂ ಇವಳೇ ಪಿಸುಗುಟ್ಟಿದ್ದಳು: "ನಿನ್ನನ್ನೇ, ಈಗಲೇ."

ಬೆಳಿಗ್ಗೆ ಕೇಳಿಯೂ ಬಿಟ್ಟಿದ್ದಳು. "ಅಲ್ಲಾರೀ, ಅದೊಂದೇ ಯಾಕೆ ಮರೆಯುತ್ತೆ ನಿಮಗೆ?"

"ಮರೆತ್ರೆ ಏನೀಗ? ಹೇಳ್ಕೊಡೋಕೆ ನೀನಿದ್ದೀಯಲ್ಲ," ಎಂದು ಅವರು ಶೂ ಉಜ್ಜುತ್ತ ಕೂತಿದ್ದರು.

ಮದುವೆಯಾದಾಗಿನಿಂದ ಮೂವತ್ನಾಲ್ಕು ವರ್ಷ ಹೇಳಿಕೊಟ್ಟದ್ದು ಸಾಕು, ಇವತ್ತು ಇಲ್ಲ ಎಂದು ಅವಳು ಆಗಲೇ ನಿಶ್ಚಯಿಸಿದ್ದಳು.

"ಮತ್ತೆ ನನ್ನನ್ನೇ ಮದುವೆ ಆಗ್ತೀರಾ?"

ರಂಗದ ಮೇಲೆ ಪ್ರಶ್ನೆ ಬಂದಿತ್ತು. ಮಾಸ್ತರರು ಬಾಯಿ ತೆರೆದರು, ಮುಚ್ಚಿದರು. ಕಣ್ಣು ಸೈಡ್‌ವಿಂಗಿನತ್ತ ಹೊರಳಿತು. ಅವಳು ಪ್ರತಿಯನ್ನು ಮುಚ್ಚಿಬಿಟ್ಟಳು. ಆಚೆ ಬದಿಯಿಂದ ನಿರ್ದೇಶಕ ಎರಡೂ ಕೈ ಬೀಸುತ್ತಿದ್ದ. ಸಭೆಯಲ್ಲಿ ಯಾರೋ ಕೆಮ್ಮಿದರು. ಔಷಧಿ ಅಂಗಡಿಯಾಕೆ, ಪಾಪ, ಇದೂ ನಾಟಕದ್ದೇ ಎಂಬಂತೆ ಅವರ ಕಾಲರ್ ಸರಿಪಡಿಸುತ್ತ, "ನಿಧಾನಕ್ಕೇ ಹೇಳಿ, ಮೂವತ್ತು ವರ್ಷ ಕಾದಿದ್ದೀನಲ್ಲ," ಎಂದಳು.

ಜನ ನಕ್ಕರು. ನಗು ನಿಂತಿತು. ಮಾಸ್ತರರಿನ್ನೂ ಇವಳ ಕಡೆಯೇ ನೋಡುತ್ತಿದ್ದರು.

"ನನ್ನದಿರಲಿ," ಎಂದರು ಕೊನೆಗೆ, ಮನೆಯಲ್ಲಿ ಮಾತಾಡುವ ದನಿಯಲ್ಲಿ. "ಆವತ್ತು ಮದುವೆಗೆ ಮುಂಚೆ ನಿನ್ನನ್ನ ಯಾರಾದ್ರೂ ಕೇಳಿದ್ರಾ? ನೀನು ಆಗ್ತೀಯಾ?"

"ಯೋಚ್ನೆ ಮಾಡಿ ಹೇಳ್ತೀನಿ!" ಎಂದಳು ಔಷಧಿ ಅಂಗಡಿಯಾಕೆ, ಸರಿಯಾದ ಸಮಯಕ್ಕೆ. ಚಪ್ಪಾಳೆ ಬಿತ್ತು. ಕತ್ತಲಲ್ಲಿ ಕೂತವಳು ಮುಚ್ಚಿದ್ದ ಪ್ರತಿಯನ್ನು ಮತ್ತೆ ತೆರೆದಳು. ಅವಳಿಗೆ ಹೇಳಿಕೊಡುವವರು ಯಾರೂ ಇರಲಿಲ್ಲ.

ಆಟ ಮುಗಿದ ಮೇಲೆ ಬಣ್ಣದ ಕೋಣೆಯಲ್ಲಿ ಊಟದ ಪೊಟ್ಟಣ ಹಂಚುತ್ತಿದ್ದರು. ಅವಳು ರಂಗದ ಪಕ್ಕದಲ್ಲಿ ಕೂತಲ್ಲಿಂದ ಏಳಲಿಲ್ಲ. ಮಾಸ್ತರರು ಅರ್ಧ ಬಣ್ಣ ಒರೆಸಿದ ಮುಖದಲ್ಲೇ ಬಂದರು. ಪೊಟ್ಟಣದ ದಾರ ಬಿಚ್ಚಿ, ಬಿಸಿ ಇದೆಯೇ ಎಂದು ಅಂಗೈಯಿಟ್ಟು ನೋಡಿ, ಅವಳ ಮುಂದೆ ಹಿಡಿದರು. ಅವಳು ತೆಗೆದುಕೊಳ್ಳುವವರೆಗೂ ಹಾಗೆಯೇ ಹಿಡಿದಿದ್ದರು.