ಬಾವಿಯ ತಳದ ತೊಡೆಯೆಲುಬು

ಅಲಖನೂರಿನ ಗಿರಿಜವ್ವನ ಹೊಸ ಬಾವಿಯಲ್ಲಿ ನೀರು ಕಂಡ ದಿನವೇ ಎಲುಬೂ ಕಂಡಿತು. ೧೯೮೯ರ ಬೇಸಿಗೆ. ಕರಿಕಲ್ಲಿನ ಪದರವನ್ನು ಒಡೆದು ಬಿಳಿಮಣ್ಣಿಗೆ ಇಳಿದ ಕೆಲಸಗಾರರು ಗುದ್ದಲಿಗಳನ್ನು ಅಲ್ಲಿಯೇ ಬಿಟ್ಟು ಮೇಲೆ ಬಂದರು. ಆಳುದ್ದದ ತೊಡೆಯೆಲುಬು, ಎತ್ತಿನದಲ್ಲ, ಎಮ್ಮೆಯದಲ್ಲ.

ಅಸ್ಥಿ ನೆನೆದ ನೀರಿನಿಂದ ಲಿಂಗಕ್ಕೆ ಮಜ್ಜನ ಮಾಡಿಸುವುದೆಂತು? ಗಂಡ ಲಿಂಗೈಕ್ಯನಾದ ಮೇಲೆ, ಮೈದುನ ರಾವಸಾಹೇಬನ ಬಾವಿಗೆ ಕೊಡ ಹಿಡಿದು ಹೋಗುವ ಹಂಗು ತಪ್ಪಲೆಂದೇ ಅವಳು ಈ ಬಾವಿ ತೋಡಿಸಿದ್ದಳು. ಇದನ್ನು ಮುಚ್ಚಿದರೆ ಮತ್ತೆ ಅದೇ ಹಂಗು. ಅದು ಯಾರಿಗೆ ಬೇಕಾಗಿತ್ತೆಂದು ಯೋಚಿಸಿದಾಗಲೆಲ್ಲ ಅವಳ ಮನಸ್ಸು ರಾವಸಾಹೇಬನ ಹೊಸ್ತಿಲಿಗೇ ಹೋಗಿ ನಿಲ್ಲುತ್ತಿತ್ತು. ಬಸವ ಜಯಂತಿಗೆ ಕೆಲಸ ನಿಂತಾಗ ಬಾವಿಯ ಬಳಿ ಯಾರೂ ಇರಲಿಲ್ಲ. ಕಬ್ಬು ಹೊರುವ ಅವನ ಟ್ರ್ಯಾಕ್ಟರು ಏನನ್ನು ತಾನೇ ಹೊತ್ತು ತಾರದು?

ಎಲುಬು ಅವನೇ ತಂದು ಹಾಕಿದ್ದೆಂದು ಅವಳು ಊರಲ್ಲಿ ಆಡಿದ ಮಾತು ಕಿವಿಗೆ ಬಿದ್ದು, ಕಾಲೇಜಿನಲ್ಲಿ ಭೂವಿಜ್ಞಾನ ಕಲಿಸುವ ಶ್ರೀಪಾಲನನ್ನು ಕರೆತಂದವನೂ ರಾವಸಾಹೇಬನೇ. ಶ್ರೀಪಾಲ ಬಾವಿಗಿಳಿದು, ಎಲುಬಿನ ಚೂರೊಂದನ್ನು ಮೇಲೆ ತಂದು, ಒರೆಸಿ, ನಾಲಿಗೆಗೆ ತಾಗಿಸಿದ.

“ಅಯ್ಯ ಶಿವನ! ಜೈನರಾಂವ ಎಲುಬ ನೆಕ್ಕತೀಯಲ್ಲೋ!” ಎಂದಳು ಗಿರಿಜವ್ವ.

“ಕಲ್ಲಾಗೇತ್ರಿ ಅವ್ವಾರ. ಎಲುಬು ಕಲ್ಲಾಗಿದ್ರ ಹಿಂಗ ನಾಲಿಗಿಗೆ ಅಂಟತೈತಿ. ಇದು ಡೈನೋಸಾರಿಂದು, ಉದ್ದ ಕುತ್ತಿಗಿ ಜಾತಿ. ಈ ಬಾವ್ಯಾಗ ನಿಂತ್ರ ದಂಡಿ ಮ್ಯಾಲಿನ ಕಬ್ಬ ಮೇಯ್ತಿತ್ತು.”

“ಆವಾಗ ಕಬ್ಬ ಇತ್ತೇನ?”

“ಮನಷ್ಯಾನ ಇರಲಿಲ್ರಿ.”

“ಮಾಂಸಾ?”

“ಮುಟ್ಟತಿರಲಿಲ್ರಿ. ಬರೇ ಗಿಡದ ತಪ್ಪಲ.”

ಗಿರಿಜವ್ವ ಮೈದುನನತ್ತ ತಿರುಗಿದಳು. “ಭಾಳ ಛಲೋ ಕಲಿಸಿ ತಂದೀಯಪ್ಪಾ. ನಮ್ಮ ಮಡಿಗೆ ತಕ್ಕಂಥಾ ಪ್ರಾಣೀನ ಹುಡುಕೀದಿ!”

“ವೈನಿ, ಇಷ್ಟ ದೊಡ್ಡ ಎಲುಬ ನಾ ಎಲ್ಲಿಂದ ತರಲಿ? ಮಿರಜ ಸಂತ್ಯಾಗ ಮಾರತಾರೇನ?”

“ನಿನಗ ಏನ ಬೇಕಾದ್ರೂ ಸಿಗತೈತಿ.” ಅವಳು ಕೊಡ ತುಂಬಿಸಿ, ತಂಬಿಗೆಯ ಜೊತೆ ಅವನ ಮುಂದಿಟ್ಟಳು. “ಮಾಸ್ತರನ ಮಾತೂ ಬ್ಯಾಡ, ನಿನ್ನ ಮಾತೂ ಬ್ಯಾಡ. ಈ ನೀರ ನಿನ್ನ ಲಿಂಗಕ್ಕ ಎರಿ.”

ರಾವಸಾಹೇಬನ ನಗೆ ಇಂಗಿತು. ಅಯ್ಯಾಚಾರದ ದೀಕ್ಷೆಯಾದಂದಿನಿಂದ ಎದೆಯ ಮೇಲಿದ್ದ ಲಿಂಗವದು. ಅಶುದ್ಧ ಜಲವನ್ನು ಅರಿತೂ ಅದಕ್ಕೆ ಎರೆವಷ್ಟು ಎದೆಗಾರಿಕೆ ಆ ಮನೆತನದ ಯಾರಿಗೂ ಇರಲಿಲ್ಲ. ಅವನು ಕೊರಳಿನ ವಸ್ತ್ರದ ಗಂಟು ಬಿಚ್ಚಿ ಲಿಂಗವನ್ನು ಎಡಗೈಯಲ್ಲಿ ಇರಿಸಿಕೊಂಡ. ಬಲಗೈ ತಂಬಿಗೆ ಎತ್ತಲೊಲ್ಲದೆ ನಿಂತಿತು. ಸಿಕ್ಕಿಬಿದ್ದ, ಎಂದುಕೊಂಡಳು ಗಿರಿಜವ್ವ.

ಅಷ್ಟರಲ್ಲಿ ಅವನು ಶ್ರೀಪಾಲನ ಮುಖ ನೋಡಿ, ತಗ್ಗಿದ ದನಿಯಲ್ಲಿ ಕೇಳಿದ: “ಮಾಸ್ತರ, ಖರೇನ ಕಲ್ಲ ಐತಿಲ್ರಿ? ನನ್ನ ಲಿಂಗದ ಮಾತೈತಿ.”

“ಖರೇನ ಕಲ್ಲರಿ.”

ಕಣ್ಣು ಬಿಗಿಯಾಗಿ ಮುಚ್ಚಿ ರಾವಸಾಹೇಬ ನೀರೆರೆದ.

ಗಿರಿಜವ್ವ ಅವನ ಮುಚ್ಚಿದ ಕಣ್ಣುಗಳನ್ನೇ ನೋಡುತ್ತ ನಿಂತಳು. ಎಲುಬನ್ನು ತಾನೇ ತಂದು ಹಾಕಿದವನು ಅದು ಕಲ್ಲೋ ಅಲ್ಲವೋ ಎಂದು ಮತ್ತೊಬ್ಬರನ್ನು ಕೇಳುವನೇ? ಅವಳಿಗಿದ್ದ ಭಯವೇ ಅವನಿಗೂ ಇತ್ತು.

ಅವಳು ಸೆರಗಿನ ಮರೆಯಿಂದ ತನ್ನ ಲಿಂಗವನ್ನು ತೆಗೆದು ಎಡಗೈ ಚಾಚಿದಳು.

“ಎರಿ, ರಾವಸಾಹೇಬ. ಆದ್ರ ಆ ಮಾಸ್ತರಗ ಅತ್ತಾಗ ಸರದ ನಿಂದರಾಕ ಹೇಳು. ಎಲುಬ ನೆಕ್ಕಿದ ಬಾಯಿ.”